ದರ್ಬಾರಿನ ಮೀಸೆ

ಆ ಮೀಸೆಯನ್ನು ಕಣ್ಣಾರೆ ಕಾಣದವರಿಗೆ ಹೇಳಿ ನಂಬಿಸುವುದು ಕಷ್ಟ. ಅದರ ಎಡತುದಿ ಸ್ಟುಡಿಯೋದ ಬಾಗಿಲು ದಾಟಿ, ಹಾಜರಿ ಹಾಕಿ, ಚಹಾ ಕುಡಿದು ಮುಗಿಸುವ ಹೊತ್ತಿಗೆ ಬಲತುದಿ ಇನ್ನೂ ಬೀದಿಯಲ್ಲಿ ಬಸ್ಸಿನಿಂದ ಇಳಿಯುತ್ತಿರುತ್ತಿತ್ತು. ನಡುವೆ ಎಲ್ಲೋ ಒಬ್ಬ ಮನುಷ್ಯ ತೂಗಾಡುತ್ತಿದ್ದ. ಹೆತ್ತವರು ಇಟ್ಟ ಹೆಸರು ಅವನಿಗೇ ಮರೆತುಹೋಗಿತ್ತು. ಸ್ಟುಡಿಯೋದ ಮಟ್ಟಿಗೆ ಅವನು ಮೀಸೆ.

ಅವನನ್ನು ಮದುವೆಯಾಗಬೇಕಿದ್ದವಳು ಅದೇ ಸ್ಟುಡಿಯೋದ ಎಡಿಟಿಂಗ್ ಕೋಣೆಯಲ್ಲಿ ಫಿಲ್ಮಿನ ತುಂಡುಗಳನ್ನು ಕತ್ತರಿಸಿ ಅಂಟಿಸುವವಳು. ಅವಳನ್ನು ಎಲ್ಲರೂ ಕತ್ತರಿ ಎನ್ನುತ್ತಿದ್ದರು. ಕೈಯಲ್ಲಿರುವುದಕ್ಕೋ ಬಾಯಲ್ಲಿರುವುದಕ್ಕೋ ಎಂದು ಒಬ್ಬ ಧೈರ್ಯ ಮಾಡಿ ಕೇಳಿದ್ದ. ಅವನು ಈಗಲೂ ತೊದಲುತ್ತಾನೆ.

ಈ ಹೊತ್ತು ಕತ್ತರಿ ಹೊಸ ಬಟ್ಟೆ ಉಟ್ಟು, ಮದುವೆ ನೋಂದಣಿ ಕಚೇರಿಯ ಬೆಂಚಿನ ಮೇಲೆ ಕೂತು ಹಲ್ಲು ಕಡಿಯುತ್ತಿದ್ದಳು. ಆ ಸದ್ದಿಗೆ ಒಳಗಿದ್ದ ಗುಮಾಸ್ತ ಎರಡು ಸಲ ಹೊರಗೆ ಬಂದು ಕಿಟಕಿಯ ಕೀಲುಗಳಿಗೆ ಎಣ್ಣೆ ಬಿಟ್ಟು ಹೋಗಿದ್ದ. ಬೆಳಿಗ್ಗೆಯೇ ಬರಬೇಕಿದ್ದ ಮೀಸೆ ಮಧ್ಯಾಹ್ನವಾದರೂ ಬಂದಿರಲಿಲ್ಲ. "ಒಂದೇ ಒಂದು ಸಣ್ಣ ಶಾಟ್, ಮುಗಿಸಿ ಬಂದೆ" ಎಂದು ಹೇಳಿಕಳಿಸಿದ್ದ.

ಹೀಗಾದದ್ದು ಇದೇ ಮೊದಲಲ್ಲ. ಸ್ಟುಡಿಯೋದಲ್ಲಿ ತೆಗೆಯುತ್ತಿದ್ದ ಚಿತ್ರ ರಾಜರ ಕಾಲದ ಪ್ರೇಮಕಥೆ. ರಾಣಿಯಾಗಲೇಬೇಕೆಂದು ಹೊರಟ ಬಡ ನರ್ತಕಿ, ಅವಳಿಗೆ ಸೋತ ರಾಜಕುಮಾರ, ಸಾವಿರ ದೀಪದ ದರ್ಬಾರು. ಮೀಸೆ ಅದರಲ್ಲಿ ಸಿಂಹಾಸನದ ಹಿಂದೆ ಈಟಿ ಹಿಡಿದು ನಿಲ್ಲುವ ಕಾವಲುಗಾರ. ಮಾತಿಲ್ಲ, ಕತೆಯಿಲ್ಲ. ಆದರೆ ಒಂದು ಸಲ ಸಿಂಹಾಸನದ ಹಿಂದೆ ಕಂಡವನು ಪ್ರತಿ ಸಲವೂ ಕಾಣಬೇಕು, ಅದೇ ಮೀಸೆಯೊಡನೆ ಕಾಣಬೇಕು. ಅದಕ್ಕೆ ಅವರು ಕಂಟಿನ್ಯೂಟಿ ಎನ್ನುತ್ತಾರೆ. ನಿರ್ದೇಶಕರೋ, ಬೆಳದಿಂಗಳ ದೃಶ್ಯಕ್ಕೆ ಚಂದ್ರ ಸರಿಯಾಗಿ ಮೂಡಲಿಲ್ಲವೆಂದು ಚಂದ್ರನಿಗೇ ಇನ್ನೊಂದು ಟೇಕ್ ಹೇಳುವ ಆಸಾಮಿ. ಚಿತ್ರ ಶುರುವಾದಾಗ ತೊಟ್ಟಿಲಲ್ಲಿದ್ದ ಮಕ್ಕಳು ಈಗ ಅದರಲ್ಲಿ ಸೈನಿಕರಾಗಿ ಕುಣಿಯುತ್ತಿದ್ದರು. ಮದುವೆಗೆ ದಿನ ಗೊತ್ತು ಮಾಡಿದಾಗಲೆಲ್ಲ ದರ್ಬಾರಿನ ಶಾಟ್ ಬರುತ್ತಿತ್ತು.

"ನಾನಿಲ್ಲದೆ ಆ ಚಿತ್ರ ನಿಂತೇ ಹೋಗತ್ತೆ ಕಣೇ. ನಿರ್ದೇಶಕರ ಕಣ್ಣು ಸದಾ ನನ್ನ ಮೇಲೇ" ಎನ್ನುತ್ತಿದ್ದ ಮೀಸೆ. ಮಲಗುವಾಗ ತುಟಿಯ ಮೇಲಿನ ಮೀಸೆಗೆ ಬಟ್ಟೆ ಕಟ್ಟಿಕೊಳ್ಳುತ್ತಿದ್ದ, ಸಾರನ್ನು ಚಮಚದಲ್ಲಿ ಒಳಗೆ ಸಾಗಿಸುತ್ತಿದ್ದ.

"ನಾನು ನಿನ್ನನ್ನ ಮದುವೆಯಾಗ್ತೀನಿ, ಅದನ್ನಲ್ಲ. ಒಂದು ಹಾಸಿಗೆಯಲ್ಲಿ ಮೂರು ಜನ ನನಗಾಗಲ್ಲ" ಎಂದಿದ್ದಳು ಕತ್ತರಿ.

ಈ ಸಲ ಮಾತ್ರ ಮುಂದೂಡುವ ಹಾಗಿರಲಿಲ್ಲ. ಅವಳನ್ನು ಸಾಕಿದ ಸೋದರತ್ತೆ ಮರುದಿನ ಬೆಳಿಗ್ಗೆ ಮನೆ ಖಾಲಿ ಮಾಡಿ, ದೂರದ ಊರಿನಲ್ಲಿದ್ದ ಮಗನ ಹತ್ತಿರ ಹೊರಟಿದ್ದಳು. ಇವತ್ತು ಸಂಜೆ ಐದರೊಳಗೆ ಸಹಿ ಬಿದ್ದರೆ ಕತ್ತರಿ ಗಂಡನ ಮನೆಗೆ. ಬೀಳದಿದ್ದರೆ ಅತ್ತೆಯ ಜೊತೆ ರೈಲಿಗೆ, ಕೆಲಸಕ್ಕೂ ಮೀಸೆಗೂ ದೊಡ್ಡ ನಮಸ್ಕಾರ.

ಪಕ್ಕದಲ್ಲಿದ್ದ ಅತ್ತೆ ನಿಟ್ಟುಸಿರಿಟ್ಟಳು. "ಹುಚ್ಚು ಬಿಡೋವರೆಗೂ ಮದುವೆಯಾಗಲ್ಲ, ಮದುವೆಯಾಗೋವರೆಗೂ ಹುಚ್ಚು ಬಿಡಲ್ಲ. ನಿನ್ನ ಟ್ರಂಕೂ ಕಟ್ಟಿಬಿಡಲಾ ಮಗಳೇ?"

"ನೀನು ಆ ಗುಮಾಸ್ತನನ್ನ ಎದ್ದು ಹೋಗದ ಹಾಗೆ ನೋಡ್ಕೋ ಅತ್ತೆ. ನಾನು ಅವನನ್ನ ಕಿವಿ ಹಿಡಿದು ತರ್ತೀನಿ."

"ಹೋಗು. ನನ್ನ ಮೊಣಕಾಲು ನೋವಿನ ಕತೆ ಶುರು ಮಾಡ್ತೀನಿ. ಡಾಕ್ಟರೇ ಅದನ್ನ ಪೂರ್ತಿ ಕೇಳಿಲ್ಲ."

ಕತ್ತರಿ ನಡೆದ ರಭಸಕ್ಕೆ ಬೀದಿಯ ಎರಡೂ ಬದಿಯ ಅಂಗಡಿಗಳ ಪರದೆಗಳು ಅವಳ ಹಿಂದೆ ಹಾರಿದವು. ಸ್ಟುಡಿಯೋದ ಕಾವಲಿನವನು "ಒಳಗೆ ಶೂಟಿಂಗ್" ಎಂದು ಬಾಯಿ ತೆರೆದವನು ಹಾಗೇ ಮುಚ್ಚಿಕೊಂಡ.

ಒಳಗೆ ಪ್ಲೈವುಡ್ಡಿನ ಸಿಂಹಾಸನ, ಗಾರೆಯ ಕಂಬಗಳು, ತಲೆ ಸುಡುವ ದೀಪಗಳು. ಮೀಸೆ ಬೆಳ್ಳಿಕಾಗದ ಸುತ್ತಿದ ಈಟಿ ಹಿಡಿದು ಕಂಬಕ್ಕಿಂತ ನೆಟ್ಟಗೆ ನಿಂತಿದ್ದ. ಅವಳನ್ನು ಕಂಡು ಅವನ ಮೀಸೆಯ ಎರಡೂ ತುದಿ ಇಳಿದವು.

ಅವಳು ಅವನ ಹತ್ತಿರ ಹೋಗಲಿಲ್ಲ. ನೇರವಾಗಿ ನಿರ್ದೇಶಕರ ಕುರ್ಚಿಯ ಮುಂದೆ ನಿಂತಳು. "ಸಾರ್, ಇವತ್ತು ನನ್ನ ಮದುವೆ. ಮೀಸೆಯನ್ನ ಬಿಟ್ಟುಕೊಡಿ."

ನಿರ್ದೇಶಕರು ಕನ್ನಡಕ ಏರಿಸಿದರು. "ಯಾವ ಮೀಸೆ?"

"ನಿಮ್ಮ ಕಾವಲುಗಾರ ಸಾರ್. ಸಿಂಹಾಸನದ ಹಿಂದೆ."

ನಿರ್ದೇಶಕರು ಕತ್ತು ಚಾಚಿ ನೋಡಿದರು. "ಓ, ಅಲ್ಲೊಬ್ಬ ಇದ್ದಾನಾ? ನಾನು ಕಂಬ ಅಂದ್ಕೊಂಡಿದ್ದೆ. ಕರ್ಕೊಂಡು ಹೋಗಮ್ಮಾ, ಅದಕ್ಕೇನಂತೆ."

ಇಷ್ಟು ಸಲೀಸಾಗಿ ಕೆಲಸವಾಯಿತು. ಕತ್ತರಿ ಬಾಯಿ ಮುಚ್ಚಿಕೊಂಡು ಅವನ ಕೈ ಹಿಡಿದು ಹೊರಟಿದ್ದರೆ ಈ ಕತೆ ಇಲ್ಲಿಗೇ ಮುಗಿಯುತ್ತಿತ್ತು. ಆದರೆ ಅವಳು ಮೀಸೆಯ ಮುಖ ನೋಡಿಬಿಟ್ಟಳು. ಗಾಳಿ ಹೋದ ಸೈಕಲ್ ಟ್ಯೂಬಿಗೂ ಅದಕ್ಕಿಂತ ಹೆಚ್ಚು ಕಳೆ ಇರುತ್ತದೆ. ಅವನನ್ನು ಬೈಯುವ ಹಕ್ಕು ಅವಳೊಬ್ಬಳದು. ಬೇರೆಯವರು ಕಂಬ ಎಂದದ್ದಕ್ಕೆ ಅವಳ ನೆತ್ತಿ ಹೊಗೆಯಾಡಿತು.

"ಕಂಬಾನಾ? ಸಾರ್, ನಿಮ್ಮ ಚಿತ್ರವನ್ನ ದಿನಾ ತುಂಡು ತುಂಡಾಗಿ ನೋಡೋಳು ನಾನು. ನಿಮ್ಮ ರಾಜಕುಮಾರ ಪ್ರೇಮನಿವೇದನೆ ಮಾಡ್ತಾ ಆಕಳಿಸ್ತಾನೆ. ನಿಮ್ಮ ನರ್ತಕಿ ಅಳ್ತಾ ಅಳ್ತಾ ಕನ್ನಡಿ ನೋಡ್ಕೋತಾಳೆ. ಇಡೀ ದರ್ಬಾರಿನಲ್ಲಿ ಅವಳನ್ನ ಮನಸ್ಸಿಟ್ಟು ನೋಡೋನು ಇವನೊಬ್ಬನೇ!"

ನಿರ್ದೇಶಕರು ನಿಧಾನವಾಗಿ ಎದ್ದು, ಮೀಸೆಯ ಸುತ್ತ ಒಂದು ಪ್ರದಕ್ಷಿಣೆ ಹಾಕಿದರು. ಅವರ ಕಣ್ಣಲ್ಲಿ ಮಿಂಚು ಬಂತು. ಆ ಮಿಂಚು ಬಂದಾಗಲೆಲ್ಲ ಚಿತ್ರ ಒಂದು ವರ್ಷ ಬೆಳೆಯುತ್ತಿತ್ತು.

"ಅಂದ್ರೆ ಕಾವಲುಗಾರ ಅವಳನ್ನ ಮೊದಲಿಂದಲೂ ಪ್ರೀತಿಸ್ತಿದ್ದ! ಬಾಯಿ ಬಿಡದೆ! ಇವನಿಗೆ ಕ್ಲೋಸಪ್ ಬೇಕು. ಒಂದು ಹಾಡು ಬೇಕು. ಮರುಭೂಮಿಯಲ್ಲಿ ಅಲೆಯೋ ದೃಶ್ಯ ಬೇಕು. ಎರಡೇ ವರ್ಷ, ಅಷ್ಟೇ!"

ಕತ್ತರಿ ತಲೆ ಚಚ್ಚಿಕೊಂಡಳು. ದಾರಿಯಲ್ಲಿ ಹೋಗುತ್ತಿದ್ದ ಮಾರಿಯನ್ನು ಕೂಗಿ ಕರೆದು ಕುರ್ಚಿ ಕೊಟ್ಟಿದ್ದಳು, ಅದೂ ತನ್ನದೇ ಬಾಯಿಂದ. ಮೀಸೆಯ ತುದಿಗಳು ಮೇಲೇರಿ ಛಾವಣಿಯ ದೀಪಗಳಿಗೆ ತಗುಲಿದವು. ಜನ್ಮಪೂರ್ತಿ ಅವನು ಕನವರಿಸಿದ ಮಾತು ಅದು: ಕ್ಲೋಸಪ್.

ಅವನು ಅವಳ ಕಡೆ ನೋಡಿದ.

"ನನ್ನನ್ಯಾಕೆ ನೋಡ್ತೀಯ?" ಎಂದಳು. "ನಿನ್ನ ಕ್ಲೋಸಪ್ ಜೊತೆ ಸಂಸಾರ ಮಾಡು. ನಾಳೆ ರೈಲಿಗೆ ಕೈ ಬೀಸೋಕೆ ಬಾ. ಶಾಟ್ ಇಲ್ಲದಿದ್ರೆ."

ಅವಳು ಬಾಗಿಲವರೆಗೆ ಹೋಗಿದ್ದಳು. ಹಿಂದಿನಿಂದ ಈಟಿ ನೆಲಕ್ಕೆ ಬಿದ್ದ ಸದ್ದಾಯಿತು.

"ಸಾರ್," ಎಂದ ಮೀಸೆ, "ನನ್ನನ್ನ ಕೊಂದುಬಿಡಿ."

"ಏನಂದೆ?"

"ಕಾವಲುಗಾರನನ್ನ ಸಾರ್. ಇವತ್ತೇ ಸಾಯಿಸಿಬಿಡಿ. ರಾಜಕುಮಾರನಿಗೆ ಅಂತ ಬಂದ ಕತ್ತಿ ನನಗೆ ಬೀಳಲಿ. ನರ್ತಕಿಯ ಕಾಲ ಹತ್ತಿರ ಸಾಯ್ತೀನಿ, ಬಾಯಿ ಬಿಡದೆ. ಕ್ಲೋಸಪ್ಪೂ ಆಯ್ತು, ಪ್ರೀತೀನೂ ಆಯ್ತು. ಸತ್ತವನಿಗೆ ಕಂಟಿನ್ಯೂಟಿ ಇರಲ್ವಲ್ಲ!"

ನಿರ್ದೇಶಕರು ಅವನನ್ನು ತಬ್ಬಿಕೊಂಡರು. ಕತ್ತರಿ ಬಾಗಿಲಲ್ಲೇ ನಿಂತಳು. ಈ ತಲೆಯಲ್ಲಿ ಮೀಸೆಯ ಬೇರಲ್ಲದೆ ಬೇರೇನೋ ಇದೆ ಎಂದು ಅವಳಿಗೆ ಅನಿಸಿದ್ದು ಅದೇ ಮೊದಲು.

ಆ ಸಂತೋಷ ಬಹಳ ಹೊತ್ತು ಉಳಿಯಲಿಲ್ಲ, ಏಕೆಂದರೆ ಅವನು ಸಾಯಲು ಶುರುಮಾಡಿದ. ಕತ್ತಿ ತಗುಲಿದ ಕೂಡಲೇ ಬೀಳಬೇಕಿತ್ತು. ಅವನು ಮೊದಲನೆಯ ಕಂಬವನ್ನು ಅಪ್ಪಿಕೊಂಡು ತೂರಾಡಿದ, ಎರಡನೆಯದನ್ನು ಅಪ್ಪಿಕೊಂಡು ಮುಗಿಲು ನೋಡಿದ, ಮೂರನೆಯದನ್ನು ಅಪ್ಪಿಕೊಂಡಾಗ ಅದು ಅವನ ಕಷ್ಟ ನೋಡಲಾರದೆ ತಾನೇ ಬಿತ್ತು. ಮತ್ತೆ ಟೇಕ್. ಈ ಸಲ ಬಿದ್ದ, ಎದ್ದು ಕೂತ, ಮತ್ತೆ ಬಿದ್ದ, ಮೊಣಕೈ ಮೇಲೆ ಏಳತೊಡಗಿದ. ಜಟ್ಟಿ ಕೆಳಗೆ ಬಿದ್ದರೂ ಮೀಸೆ ಮಣ್ಣಾಗಲಿಲ್ಲ ಎಂಬ ಗಾದೆ ಎಲ್ಲರ ಕಣ್ಣೆದುರೇ ನಿಜವಾಯಿತು. ಗೋಡೆಯ ಗಡಿಯಾರ ನಾಲ್ಕೂವರೆ ತೋರಿಸುತ್ತಿತ್ತು.

ಕತ್ತರಿಗೆ ತಡೆಯಲಾಗಲಿಲ್ಲ. ಬಾಗಿಲಿಂದ ಕ್ಯಾಮೆರಾದ ಪಕ್ಕಕ್ಕೆ ಓಡಿ ಬಂದು ಕಿರುಚಿದಳು:

"ಬೇಗ ಸಾಯೋ! ಐದಕ್ಕೆ ಬಾಗಿಲು ಹಾಕ್ತಾರೆ!"

ಮೀಸೆ ಅವಳನ್ನು ನೋಡಿದ. ಆ ನೋಟದಲ್ಲಿ ಪ್ರೀತಿ ಇತ್ತು, ಭಯ ಅದಕ್ಕಿಂತ ಜಾಸ್ತಿ ಇತ್ತು, ಹೋಗಿಬರುತ್ತೇನೆ ಎಂಬ ವಿದಾಯವೂ ಇತ್ತು. ಹಾಗೇ ಕಣ್ಣು ಮುಚ್ಚಿದ. ದೀಪ ಹಿಡಿದವರು ಅತ್ತರು. ನಿರ್ದೇಶಕರು ಎಷ್ಟು ಅತ್ತರೆಂದರೆ "ಕಟ್" ಎನ್ನಲು ಬೇರೆಯವರು ಬೇಕಾಯಿತು. ಧ್ವನಿಪಟ್ಟಿಯ ಮೇಲೆ ಅಚ್ಚಾದ ಆ ಕಿರುಚಾಟವನ್ನು ಕತ್ತರಿಸಿ ತೆಗೆಯುವ ಕೆಲಸವೂ ನಾಳೆ ತನ್ನದೇ ಎಂದು ಅವಳಿಗೆ ಹೊಳೆದದ್ದು ಆಮೇಲೆ.

ಸತ್ತವನು ಮೇಕಪ್ಪಿನವನ ಕುರ್ಚಿಗೆ ಓಡಿದ. "ಬೋಳಿಸು!" ಎಂದ. ಮೇಕಪ್ಪಿನವನು ಮೀಸೆಯನ್ನು ಬುಡಸಮೇತ ಇಳಿಸಿ, ಗೌರವದಿಂದ ಕಾಗದದಲ್ಲಿ ಸುತ್ತಿ ಅವನ ಜೇಬಿಗಿಟ್ಟ.

ಹೊರಗೆ ಬಂದವನ ಮೂಗಿನ ಕೆಳಗೆ ಕತ್ತರಿ ಬಗ್ಗಿ ನೋಡಿದಳು. ಅವರ ಪರಿಚಯವಾದದ್ದೇ ಈ ಚಿತ್ರ ಶುರುವಾದ ಮೇಲೆ. ಅವಳು ಆ ಮೇಲ್ದುಟಿಯನ್ನು ಎಂದೂ ನೋಡಿರಲಿಲ್ಲ. ಬಹಳ ಕಾಲ ಪಟ ತೂಗಿದ್ದ ಗೋಡೆಯಿಂದ ಪಟ ತೆಗೆದಾಗ ಕಾಣುವ ಜಾಗದ ಹಾಗೆ ಅದು ಬೆಳ್ಳಗಿತ್ತು.

"ಇಷ್ಟೇನಾ ನೀನು?"

"ಇಷ್ಟೇ ಕಣೇ. ಸಾಲಲ್ವಾ?"

"ಓಡು ಮೊದಲು," ಎಂದಳು. ಆದರೆ ಕೈ ಹಿಡಿದುಕೊಂಡೇ ಓಡಿದಳು.

ಕಚೇರಿಯಲ್ಲಿ ಅತ್ತೆ ಎಡ ಮೊಣಕಾಲು ಮುಗಿಸಿ ಬಲಕ್ಕೆ ಬಂದಿದ್ದಳು. ಗುಮಾಸ್ತ ಇವರನ್ನು ಕಂಡು ಬದುಕಿದೆ ಎಂಬಂತೆ ಅರ್ಜಿ ಎಳೆದುಕೊಂಡ. ಫೋಟೋ ನೋಡಿದ. ಗಂಡನ್ನು ನೋಡಿದ. ಅರ್ಜಿ ಮುಚ್ಚಿದ.

"ಇವರು ಅವರಲ್ಲ."

"ಅವನೇ ಸಾರ್! ಮೀಸೆ ಬೋಳಿಸಿದಾನೆ!"

"ಫೋಟೋದಲ್ಲಿ ಮೀಸೆ ಇದೆಯಮ್ಮಾ. ಎದುರಿಗೆ ಇಲ್ಲ. ಫೋಟೋ ಹೇಗಿದೆಯೋ ಮನುಷ್ಯ ಹಾಗಿರಬೇಕು. ಹೊಸ ಅರ್ಜಿ ಹಾಕಿ."

ಕತ್ತರಿ ಮೇಜಿಗೆ ಹಣೆ ಚಚ್ಚಿಕೊಂಡಳು. ಸ್ಟುಡಿಯೋದಲ್ಲಿ ಕೊಂದು ಬಂದ ಕಂಟಿನ್ಯೂಟಿ ಇಲ್ಲಿ ಕನ್ನಡಕ ಹಾಕಿಕೊಂಡು ಕೂತಿತ್ತು. ಗಡಿಯಾರದ ಮುಳ್ಳು ಐದರ ಕಡೆ ತೆವಳುತ್ತಿತ್ತು. ಅವಳು ತಲೆಯೆತ್ತಿ, "ಜೇಬಿನಲ್ಲಿರೋದು ತೆಗಿ" ಎಂದಳು. ತನ್ನ ಚೀಲದಿಂದ ಫಿಲ್ಮಿಗೆ ಹಚ್ಚುವ ಅಂಟಿನ ಸೀಸೆ ತೆಗೆದಳು.

"ಅದು ಉರಿಯತ್ತೆ ಕಣೇ!"

"ನನಗೆ ಇಷ್ಟು ವರ್ಷ ಉರಿದಿದೆ. ಮುಖ ಎತ್ತು."

ಎರಡು ಬೆರಳಿನಲ್ಲಿ ಒತ್ತಿ ಹಿಡಿದಳು. ಗುಮಾಸ್ತ ಫೋಟೋ ನೋಡಿದ, ಮುಖ ನೋಡಿದ, ಒಂದು ತುದಿ ಕಿವಿಯ ಕಡೆಗೂ ಒಂದು ಗದ್ದದ ಕಡೆಗೂ ಹೋದದ್ದನ್ನು ನೋಡಿದ. ಬಲ ಮೊಣಕಾಲಿನ ಕತೆ ಮುಂದುವರಿಸಲು ಅತ್ತೆ ಬಾಯಿ ತೆರೆದದ್ದನ್ನೂ ನೋಡಿದ. "ಸರಿಯಿದೆ" ಎಂದು ಠಸ್ಸೆ ಒತ್ತಿಬಿಟ್ಟ.

ಅಂಟಿನ ಉರಿಗೆ ಮೀಸೆಯ ಕಣ್ಣಿಂದ ನೀರು ಧಾರೆಯಾಗಿ ಇಳಿಯಿತು. "ಎಷ್ಟು ಮೃದು ಹೃದಯ ನಿನ್ನ ಗಂಡಂದು" ಎಂದು ಅತ್ತೆಯೂ ಕಣ್ಣೊರೆಸಿಕೊಂಡಳು.

ಸಹಿ ಹಾಕುತ್ತ ಅವನು ಪಿಸುಗುಟ್ಟಿದ, "ಇದು ಯಾವಾಗ ಬಿಡತ್ತೆ?"

"ನಾನು ಅಂಟಿಸಿದ್ದು ಇಲ್ಲಿತನಕ ಯಾವ ಥಿಯೇಟರಿನಲ್ಲೂ ಬಿಟ್ಟಿಲ್ಲ," ಎಂದಳು ಕತ್ತರಿ.