ಪರಮಾನಂದನ ಗುಜರಿ ತೀರ್ಪು

ಜಮಖಂಡಿ ಬಸ್ ನಿಲ್ದಾಣದ ಹಿಂದೆ ಪರಮಾನಂದನ ಕಂಪ್ಯೂಟರ್ ರಿಪೇರಿ ಅಂಗಡಿ. ಕೈ ಹಚ್ಚುವ ಮೊದಲೇ ಯಂತ್ರದ ಮರಣಪತ್ರ ಬರೆದುಬಿಡುವುದು ಅವನ ಚಟ. ರಿಪೇರಿಗೆ ದಿನವಿಡೀ ಬೆವರು, ಹೊಸದು ಮಾರಲು ಒಂದು ಗಳಿಗೆ ಸಾಕು. ಜಾಣ ಯಾವುದನ್ನು ಆರಿಸುತ್ತಾನೆ?

2014ರ ಬೇಸಿಗೆಯ ಒಂದು ಬೆಳಿಗ್ಗೆ ಬನಹಟ್ಟಿಯ ತಂಗೆವ್ವ ಸೊಸೆ ಪೂನಮ್ ಜೊತೆ ಬಂದು, ಸೀರೆಯಲ್ಲಿ ಸುತ್ತಿದ ಹಳೆಯ ಕಂಪ್ಯೂಟರನ್ನು ಮೇಜಿನ ಮೇಲಿಟ್ಟಳು. ತಂಗೆವ್ವ ಮಗ್ಗಗಳಲ್ಲಿ ಹಣಗಿ ಕೆಚ್ಚುವವಳು. ಮುಗಿಯುತ್ತ ಬಂದ ಹಾಸಿನ ಒಂದೊಂದು ಎಳೆಗೂ ಹೊಸ ಎಳೆ ಕೂಡಿಸುವುದು ಅವಳ ಕೆಲಸ. ಪೂನಮ್ ಈ ಕಂಪ್ಯೂಟರಿನಲ್ಲಿ ಸೀರೆಯ ಅಂಚಿನ ಚಿತ್ತಾರ ಬರೆಯುತ್ತಿದ್ದಳು. ಈಚೆಗಷ್ಟೇ ನೇಕಾರರು ಅವಳ ಅಂಚು ಕೇಳತೊಡಗಿದ್ದರು.

“ಹಳೇ ವಿಂಡೋಸ್ ಬಂದ್ ಆತಂತ್ರಿ. ಅಂಚು ಮೇಲ್ ಮಾಡಾಕ ಹೋದ್ರ ಪೇಜ್ ತೆರೆಯಾಕತ್ತಿಲ್ಲ. ಹೊಸಾದು ಹಾಕಿ ಕೊಡ್ರಿ,” ಎಂದಳು ಪೂನಮ್.

ಪರಮಾನಂದ ಹೊಸ ವಿಂಡೋಸಿನ ಡಿಸ್ಕ್ ಹಾಕಿದ. ಈ ಯಂತ್ರದಲ್ಲಿ ಇದು ನಡೆಯದು ಎಂಬ ಸೂಚನೆ ಪರದೆಯ ಮೇಲೆ ಬಂತು.

“ನೋಡ್ರಿ, ಯಂತ್ರಾನ ಒಲ್ಲೆ ಅಂತೈತಿ. ಗುಜರಿಗೆ ಹಾಕಿ ಹೊಸಾದು ತಗೋರಿ.”

ಪೂನಮ್ ಮುಖ ಬಾಡಿತು. ಆ ಮನೆಯಲ್ಲಿ ಹೊಸದು ಕೊಳ್ಳುವಷ್ಟು ದುಡ್ಡಿರಲಿಲ್ಲ. ಅವಳ ಅಂಚು ಇಲ್ಲಿಗೇ ನಿಂತಂತೆ.

“ಯಂತ್ರ ಒಲ್ಲೆ ಅಂತೈತೋ, ನೀ ಒಲ್ಲೆ ಅಂತಿಯೋ ತಮ್ಮಾ?” ಎಂದಳು ತಂಗೆವ್ವ.

“ನನ್ನ ಮ್ಯಾಲ ಯಾಕ ಸಿಟ್ಟರಿ ಯವ್ವಾ? ಮಾಡಿದ ಕಂಪನಿನ ಕೈ ಬಿಟ್ಟೈತಿ. ನಾಳೆ ಕೆಟ್ಟರ ನನ್ನ ಮ್ಯಾಲೇ ಬರ್ತೀರಿ.”

“ಅದೂ ಖರೆ. ಆದ್ರ ಸಾವಿರಾರು ಎಳಿ ಕೆಚ್ಚತೇನಿ ನಾನು. ಮಗ್ಗ ಹಳೇದೈತಿ, ಆಗೂದಿಲ್ಲಂತ ಎದ್ದ ಬಂದ್ರ ನಾಳೆ ಯಾರರ ಕರೀತಾರೇನು? ನೀ ಒಂದರ ಎಳಿ ಹಿಡದ ನೋಡಿದಿ?”

ಪರಮಾನಂದನಿಗೆ ನಾಚಿಕೆಯಾಯಿತು. ವಿಂಡೋಸ್ ಬದಲಿಗೆ ಹಳೆಯ ಯಂತ್ರದಲ್ಲೂ ಓಡುವ ಹಗುರವಾದ ಲಿನಕ್ಸ್ ಅವನಿಗೆ ಗೊತ್ತಿತ್ತು. ಅದು ಪುಕ್ಕಟೆ ಸಿಗುತ್ತದೆಂಬ ಕಾರಣಕ್ಕೇ ಗಿರಾಕಿಗಳ ಮುಂದೆ ಅದರ ಹೆಸರೆತ್ತುತ್ತಿರಲಿಲ್ಲ.

“ಕೂಡ್ರಿ ಯವ್ವಾ. ಬ್ಯಾರೆ ಒಂದು ಹಾಕಿ ನೋಡತೇನಿ. ನಿಧಾನ ನಡೀತೈತಿ. ತಂಗಿ, ನೀ ಸ್ವಲ್ಪ ಹೊಸಾ ರೀತಿ ಕಲೀಬೇಕಾಗತೈತಿ.”

“ಕಲೀತೇನ್ರಿ,” ಎಂದಳು ಪೂನಮ್, ಮಾತು ಮುಗಿಯುವ ಮೊದಲೇ.

ಮೊದಲ ಸಲ ಪರದೆ ಕಪ್ಪಾಗಿಯೇ ಉಳಿಯಿತು. ಮೂಲೆಯಲ್ಲಿದ್ದ ಹಾಳು ಯಂತ್ರವೊಂದರ ಮೆಮರಿ ಕಿತ್ತು ಇದಕ್ಕೆ ಹಾಕಿದ. ಊಟದ ಹೊತ್ತಿಗೆ ಪೂನಮ್ ಬರೆದ ಅಂಚು ಪರದೆಯ ಮೇಲೆ ತೆರೆದುಕೊಂಡಿತು. ಅವಳು ಅಲ್ಲಿಂದಲೇ ಅದನ್ನು ಮೇಲ್ ಮಾಡಿ, ಅತ್ತೆಯ ಕೈ ಹಿಡಿದು ನಕ್ಕಳು. ತಂಗೆವ್ವ ಬುತ್ತಿ ಬಿಚ್ಚಿ ಪರಮಾನಂದನಿಗೂ ರೊಟ್ಟಿ ಪಲ್ಲೆ ಕೊಟ್ಟಳು. ಬಹಳ ದಿನಗಳ ಮೇಲೆ ಅವನಿಗೆ ತನ್ನ ಕೆಲಸದ ಮೇಲೆ ಪ್ರೀತಿ ಹುಟ್ಟಿತು.

ಅವರು ಹೋದ ಮೇಲೆ ಪರಮಾನಂದ ಹಿಂದಿನ ಕೋಣೆಗೆ ಹೋದ. ಅವನ ಮಾತು ನಂಬಿ ಜನ ಬಿಟ್ಟುಹೋದ ಎಂಟು ಕಂಪ್ಯೂಟರುಗಳು ಅಲ್ಲಿದ್ದವು. ಒಂದನ್ನು ಎತ್ತಿ ತಂದು ಧೂಳು ಒರೆಸಿ, ಅದಕ್ಕೆ ಅಂಟಿಸಿದ್ದ ಚೀಟಿಯಲ್ಲಿನ ನಂಬರಿಗೆ ಫೋನ್ ಮಾಡಿದ.

“ಸಾವಳಗಿ ನಿಂಗಣ್ಣಾರ ಏನ್ರಿ? ನಿಮ್ಮ ಕಂಪ್ಯೂಟರ್ ಸತ್ತೈತಿ ಅಂದಿದ್ನಲ್ಲರಿ... ಅವತ್ತ ನಾ ಅದನ್ನ ನೋಡೇ ಇರಲಿಲ್ಲರಿ.”