ಆರೆಳೆಯ ಲೆಕ್ಕ

ಪೆಟ್ಟಿಗೆಯ ಮುಚ್ಚಳ ಎತ್ತಿದ ಕೂಡಲೇ ವೇದವಲ್ಲಿಯ ಮೂಗಿಗೆ ಅಡರಿದ್ದು ಈಜುಕೊಳದ ವಾಸನೆ. ಮುನ್ನೂರು ವರ್ಷದ ರೇಷ್ಮೆಗೆ ಕರ್ಪೂರದ ವಾಸನೆ ಇರಬೇಕು, ಇಲ್ಲವೇ ಹಳೆಯ ಮರದ್ದು, ತೀರಾ ಕೆಟ್ಟಿದ್ದರೆ ಬೂಷ್ಟಿನದ್ದು. ಇದು ಕ್ಲೋರಿನ್. ಮಾಸ್ಕನ್ನೂ ದಾಟಿ ಗಂಟಲಿಗೆ ಇಳಿಯಿತು. ಬಟ್ಟೆಗೆ ಹೊದಿಸಿದ್ದ ತೆಳುಗಾಗದ ಒದ್ದೆಯಾಗಿ ಮೆತ್ತಿಕೊಂಡಿತ್ತು. ಚಿಮಟದಿಂದ ಅದರ ಅಂಚು ಹಿಡಿದು ಮೆಲ್ಲಗೆ ಎತ್ತಿದಳು. ಕಾಗದದ ಜೊತೆಗೆ ಬಟ್ಟೆಯೂ ಎದ್ದು ಬಂತು, ಆದರೆ ಬಟ್ಟೆಯಾಗಿ ಅಲ್ಲ. ಹಲಸಿನ ಅಂಟಿನ ಹಾಗೆ ಎಳೆ ಎಳೆಯಾಗಿ ಜಗ್ಗಿಕೊಂಡು ಬಂತು. ಕಡುನೀಲಿ ಇದ್ದದ್ದು ಕೀವಿನ ಬಣ್ಣಕ್ಕೆ ತಿರುಗಿತ್ತು.

ಅವಳು ಚಿಮಟವನ್ನು ಕೆಳಗಿಟ್ಟಳು.

"ಇದಕ್ಕೆ ಏನ್ ಮಾಡಿದ್ರಿ ಸರ್?"

ಭುವನ್ ಪ್ರಯೋಗಾಲಯದ ಬಾಗಿಲಲ್ಲಿ ನಿಂತಿದ್ದ. ಮಾಸ್ಕು ಗಲ್ಲದ ಕೆಳಗಿತ್ತು. ಕೈಯಲ್ಲಿ ಕೊಂಬಿನಿ ಅಂಗಡಿಯಿಂದ ತಂದ ಅನ್ನದ ಉಂಡೆ. "ಸ್ಯಾನಿಟೈಸ್ ಮಾಡ್ದೆ, ಅಷ್ಟೆ. ಯಾಕೆ, ಏನಾಯ್ತು?" ಎಂದು ಒಂದು ತುತ್ತು ಕಚ್ಚಿದ.

ವೇದವಲ್ಲಿ ಮೈಸೂರಿನವಳು. ಗಣಿತದಲ್ಲಿ ಡಾಕ್ಟರೇಟು ಮಾಡಿ ಜಪಾನಿನ ಕಾಶಿವಾ ನಗರದ ವಿಶ್ವವಿದ್ಯಾಲಯಕ್ಕೆ ಸಂಶೋಧಕಿಯಾಗಿ ಬಂದಿದ್ದಳು. ಭುವನ್ ಬೆಂಗಳೂರಿನವನು, ಅವಳಿಗಿಂತ ಹತ್ತು ವರ್ಷ ಹಿರಿಯ, ಹಮಾಮತ್ಸು ನಗರದ ಒಂದು ಪ್ರಯೋಗಾಲಯದಲ್ಲಿ ಸೂಕ್ಷ್ಮ ಛಾಯಾಗ್ರಹಣದ ಮುಖ್ಯಸ್ಥ. ಹಳೆಯ ಜಪಾನಿನ ನೇಯ್ಗೆಯಲ್ಲಿರುವ ಗಣಿತ ಅವರ ಜಂಟಿ ಯೋಜನೆಯ ವಿಷಯ. ಯೋಜನೆಯ ಪ್ರಾಣವೆಲ್ಲ ಇದ್ದದ್ದು ಈ ಒಂದು ತುಂಡು ರೇಷ್ಮೆಯಲ್ಲಿ.

ಅದರ ಒಡತಿ ಸುಗಿಯಾಮಾ ಎಂಬ ಮುದುಕಿ, ಅಲ್ಲಿನ ಗೌರವದ ಮಾತಿನಲ್ಲಿ ಸುಗಿಯಾಮಾ ಸಾನ್. ಹಮಾಮತ್ಸುವಿನ ಉತ್ತರದ ಬೆಟ್ಟದ ಬುಡದಲ್ಲಿ ಅವರ ಮನೆ. ಅವರ ಪೂರ್ವಜನೊಬ್ಬ ನೇಕಾರ, ಗಣಿತದ ಹುಚ್ಚು ಹಿಡಿದವನು. ಆಗಿನ ಕಾಲದಲ್ಲಿ ಜಪಾನಿನಲ್ಲಿ ಲೆಕ್ಕ ಬಲ್ಲವರು ಒಂದು ಸಮಸ್ಯೆಯನ್ನು ಮರದ ಹಲಗೆಯ ಮೇಲೆ ಬರೆಸಿ ದೇವಸ್ಥಾನದಲ್ಲಿ ತೂಗುಹಾಕುತ್ತಿದ್ದರು. ಬಂದವರು ತಲೆ ಕೆರೆದುಕೊಳ್ಳಲಿ ಎಂದು. ಈತನೂ ಊರ ದೇವಸ್ಥಾನದಲ್ಲಿ ಒಂದು ಹಲಗೆ ಹಾಕಿಸಿದ್ದ.

ಅದರ ಪ್ರಶ್ನೆ ಸ್ಯಾಟಿನ್ ನೇಯ್ಗೆಯದು. ಸ್ಯಾಟಿನ್‌ನ ನುಣುಪೆಲ್ಲ ಒಂದು ಗುಟ್ಟಿನಿಂದ ಬರುತ್ತದೆ. ಅಡ್ಡಕ್ಕೆ ಹೋಗುವ ಪ್ರತಿ ಹೊಕ್ಕಿನ ಎಳೆಯೂ ಉದ್ದಕ್ಕಿರುವ ಹಾಸಿನ ಒಂದು ಗುಂಪಿನಲ್ಲಿ ಒಂದೇ ಒಂದು ಎಳೆಯನ್ನು ಕಟ್ಟುತ್ತದೆ. ಮುಂದಿನ ಹೊಕ್ಕು ಕೆಲವು ಎಳೆ ದಾಟಿ ಇನ್ನೊಂದನ್ನು ಕಟ್ಟುತ್ತದೆ. ಗುಂಪಿನಲ್ಲಿ ಐದು ಎಳೆ ಇದ್ದರೆ, ಎರಡೆರಡು ಹೆಜ್ಜೆ ಇಟ್ಟು ಸುತ್ತಿದರೆ ಐದೂ ಸಿಗುತ್ತವೆ. ಎಂಟಿದ್ದರೆ ಮೂರು ಮೂರು ಹೆಜ್ಜೆ. ಆರಕ್ಕಾದರೆ ಒಂದೇ ಅಳತೆಯ ಯಾವ ಹೆಜ್ಜೆಯೂ ಒಗ್ಗುವುದಿಲ್ಲ. ಎರಡೆರಡು ಇಟ್ಟರೆ ಒಂದು, ಮೂರು, ಐದು, ಮತ್ತೆ ಒಂದಕ್ಕೇ ಬಂದು ನಿಲ್ಲುತ್ತದೆ. ಸಮಸಂಖ್ಯೆಯ ಎಳೆಗಳನ್ನು ಮುಟ್ಟುವವರೇ ಇಲ್ಲ. ಒಂದೊಂದೇ ಹೆಜ್ಜೆ ಇಟ್ಟರೆ ನುಣುಪು ಹೋಗಿ ಓರೆ ಗೆರೆ ಬೀಳುತ್ತದೆ. ಆದ್ದರಿಂದ ಆರೆಳೆಯಲ್ಲಿ ಸ್ಯಾಟಿನ್ ನೇಯುವವನು ನಡುವೆ ಎಲ್ಲೋ ಹೆಜ್ಜೆ ಮುರಿಯಬೇಕು. 'ಎಲ್ಲಿ ಮುರಿದರೆ ಕಣ್ಣಿಗೆ ಕಾಣದು?' ಎಂದು ಹಲಗೆ ಕೇಳುತ್ತಿತ್ತು. ಕೆಳಗೆ ಒಂದು ಸಾಲು: 'ಉತ್ತರ ನನ್ನ ಬಟ್ಟೆಯಲ್ಲಿದೆ.'

ಆ ಬಟ್ಟೆಯನ್ನು ಮನೆತನದವರು ಯಾರಿಗೂ ಮುಟ್ಟಲು ಕೊಟ್ಟಿರಲಿಲ್ಲ. ಬರಿಗಣ್ಣಿಗೆ ಎಳೆ ಎಣಿಸಲು ಸಿಗದಷ್ಟು ನಯ. ವೇದವಲ್ಲಿ ಸಾಂಕ್ರಾಮಿಕಕ್ಕೆ ಮುಂಚೆಯೇ ಆ ಮನೆಗೆ ಹೋಗಿ ಬಂದು, ಮಂಡಿಯೂರಿ ಕೂತು, ಹರುಕು ಮುರುಕು ಜಪಾನಿಯಲ್ಲಿ ಮುದುಕಿಯ ಮನಸ್ಸು ಗೆದ್ದಿದ್ದಳು. ಎರವಲಿನ ಕಾಗದಕ್ಕೆ ಸಹಿ ಹಾಕಿದವಳೂ ಅವಳೇ. ಆಮೇಲೆ ಊರೂರು ಬಾಗಿಲು ಹಾಕಿತು. ಕೊನೆಗೆ ೨೦೨೦ರ ಶರತ್ಕಾಲದಲ್ಲಿ ಭುವನ್ ಹೋಗಿ ಗೇಟಿನಲ್ಲಿ ಪೆಟ್ಟಿಗೆ ಇಸಿದುಕೊಂಡು ಬಂದಿದ್ದ. ಎಳೆ ಎಣಿಸಲು ವೇದವಲ್ಲಿ ಇವತ್ತು ಕಾಶಿವಾದಿಂದ ಬಂದಿಳಿದಿದ್ದಳು.

"ಏನ್ ಹಾಕಿ ಸ್ಯಾನಿಟೈಸ್ ಮಾಡಿದ್ರಿ?"

"ಕಿಚನ್ ಬ್ಲೀಚ್. ಡೈಲ್ಯೂಟ್ ಮಾಡೇ ಸ್ಪ್ರೇ ಮಾಡ್ದೆ. ಗೌರ್ಮೆಂಟ್ ಪಾಂಪ್ಲೆಟ್‌ನಲ್ಲೇ ಇತ್ತಲ್ಲ."

"ಅದು ಬಾಗಿಲ ಹಿಡಿಗೆ, ಮೇಜಿಗೆ ಸರ್! ರೇಷ್ಮೆ ಅಂದ್ರೆ ಪ್ರೋಟೀನ್. ಬ್ಲೀಚ್ ಬಿದ್ರೆ ಕರಗಿಹೋಗತ್ತೆ. ನಿಮಗೆ ಗೊತ್ತಿಲ್ವಾ?"

"ಆಗ ಹೊಳೀಲಿಲ್ಲ, ವೇದಾ. ಆ ಅಜ್ಜಿ ಪೆಟ್ಟಿಗೆ ಕೊಡೋವಾಗ ಕೆಮ್ಮಿದ್ಲು. ಅದರ ಮೇಲೇ! ನೋಡಿ ಅಸಹ್ಯ ಆಯ್ತು ನಂಗೆ. ಮನೇಲಿ ಪಾಪು ಇದೆ. ನೀನಾಗಿದ್ರೆ ಏನ್ ಮಾಡ್ತಿದ್ದೆ?"

ಅವನ ತುಟಿಯ ಮೂಲೆಯಲ್ಲಿ ಒಂದು ಅನ್ನದ ಅಗುಳು ಅಂಟಿತ್ತು. ಅವನು ಮಾತಾಡಿದಾಗಲೆಲ್ಲ ಅದು ಕುಣಿಯುತ್ತಿತ್ತು. ವೇದವಲ್ಲಿಗೆ ಅದರ ಮೇಲಿಂದ ಕಣ್ಣು ಕೀಳಲಾಗಲಿಲ್ಲ.

"ಅಜ್ಜಿಗೆ ಹೇಳಿದ್ರಾ?"

"ಏನಂತ ಹೇಳ್ಲಿ? ಕೇಳಿದ್ರೆ ಹುಳ ತಿಂದಿತ್ತು ಅನ್ನೋಣ. ಹಳೇ ರೇಷ್ಮೆ, ಹುಳ ತಿನ್ನೋದು ಕಾಮನ್. ಅವಳೇನು ಪೆಟ್ಟಿಗೆ ತೆಗೆದು ನೋಡ್ತಾ ಕೂತಿರ್ತಾಳಾ? ನೀನು ಟೆನ್ಶನ್ ಮಾಡ್ಕೋಬೇಡ. ಒಂದು ಮೂಲೇಲಿ ಸ್ವಲ್ಪ ಉಳಿದಿದೆ. ಕೆಲವು ಹೊಕ್ಕು ಕ್ಲಿಯರ್ ಆಗಿ ಸಿಕ್ಕಿವೆ. ಮಿಕ್ಕಿದ್ದು ಸಾಫ್ಟ್‌ವೇರ್ ತುಂಬತ್ತೆ."

ಅವಳು ಹೊರಗೆ ಬಂದಳು. ಕೈಗವಸು ಕಿತ್ತು ಎಸೆದು, ಬಚ್ಚಲಲ್ಲಿ ಕೈ ತೊಳೆದಳು, ಮತ್ತೆ ತೊಳೆದಳು. ವಾಸನೆ ಬೆರಳಿನಿಂದ ಹೋಗಲೊಲ್ಲದು.

ಅವಳು ಇಳಿದುಕೊಂಡಿದ್ದು ಕಮಲಾ ಎಂಬ ಗೆಳತಿಯ ಮನೆಯಲ್ಲಿ. ಕಮಲಾಳ ಗಂಡ ಮೋಟಾರು ಕಂಪನಿಯೊಂದರಲ್ಲಿ ಎಂಜಿನಿಯರು, ಆ ವಾರ ಊರಿನಲ್ಲಿರಲಿಲ್ಲ. ಮಗಳು ಸಂಜನಾ ಇಲ್ಲೇ ಹುಟ್ಟಿ ಬೆಳೆದು, ಇಲ್ಲಿನ ಪ್ರಾಥಮಿಕ ಶಾಲೆಗೇ ಹೋಗುತ್ತಿದ್ದಳು.

"ತಿಳಿಸಾರು ಮಾಡಿದೀನಿ, ಬಿಸಿಬಿಸಿ ಇದೆ, ಕೂತ್ಕೋ," ಎಂದಳು ಕಮಲಾ.

ವೇದವಲ್ಲಿ ತಟ್ಟೆಯ ಮುಂದೆ ಕೂತಳು. ಅನ್ನ ಕಲಸಿದಳು. ಕೈ ಬಾಯಿಯ ಹತ್ತಿರ ಬರುತ್ತಲೇ ಕ್ಲೋರಿನ್ ವಾಸನೆ ಬಂತು. ತಟ್ಟೆ ಸರಿಸಿ ಎದ್ದುಬಿಟ್ಟಳು.

"ಬಸುರಿ ತರ ಆಡ್ತಿದೀಯಲ್ಲೇ," ಎಂದು ಕಮಲಾ ನಗಲು ಹೋಗಿ, ಅವಳ ಮುಖ ನೋಡಿ ಹತ್ತಿರ ಬಂದಳು. "ಏನಾಯ್ತು ಹೇಳು."

ವೇದವಲ್ಲಿ ಎಲ್ಲವನ್ನೂ ಹೇಳಿದಳು. ಕಮಲಾ ಕೇಳುತ್ತ ಕೇಳುತ್ತ ಸೆರಗಿನಿಂದ ಮೂಗು ಮುಚ್ಚಿಕೊಂಡಳು. "ಥೂ, ಇವನ ಬುದ್ಧಿಗಿಷ್ಟು! ಅಜ್ಜಿ ಕೊಟ್ಟ ವಸ್ತುವನ್ನ ಕಕ್ಕಸು ತೊಳೆದ ಹಾಗೆ ತೊಳೆದನಾ?"

ಮರುದಿನ ಬೆಳಿಗ್ಗೆ ಭುವನ್‌ನಿಂದ ಪ್ರಬಂಧದ ಕರಡು ಬಂತು. ಸಾಫ್ಟ್‌ವೇರು ಉಳಿದ ಮೂಲೆಯನ್ನು ಓದಿ, ಇಡೀ ಬಟ್ಟೆಯನ್ನು ಮರುಸೃಷ್ಟಿಸಿತ್ತು. ಬಣ್ಣಬಣ್ಣದ ಚಿತ್ರ ಸೊಗಸಾಗಿತ್ತು. 'ಕೀಟಬಾಧೆಯಿಂದ ಹಾಳಾದ ಭಾಗಗಳನ್ನು' ತುಂಬಿದೆ ಎಂದು ಒಂದು ಟಿಪ್ಪಣಿ. ಮೇಲೆ ಅವಳ ಹೆಸರು, ಅವನ ಹೆಸರು.

ವೇದವಲ್ಲಿ ಚಿತ್ರವನ್ನು ಹಿಗ್ಗಿಸಿ ನೋಡಿದಳು. ಉಳಿದ ಮೂಲೆಯಲ್ಲಿ ಓದಲು ಸಿಕ್ಕಿದ್ದು ಮೂರೇ ಹೊಕ್ಕು: ಕಟ್ಟು ಒಂದನೆಯ ಎಳೆಗೆ, ಮೂರನೆಯದಕ್ಕೆ, ಐದನೆಯದಕ್ಕೆ ಬಿದ್ದಿತ್ತು. ಯಂತ್ರ ಅದನ್ನೇ ಹಿಡಿದು ಒಂದು, ಮೂರು, ಐದು, ಒಂದು, ಮೂರು, ಐದು ಎಂದು ಕೊನೆಯವರೆಗೂ ಉರು ಹೊಡೆದಿತ್ತು.

ಸಂಜನಾಳಿಗೆ ಶಾಲೆ ಇರಲಿಲ್ಲ. ಒರಿಗಾಮಿ ಕಾಗದ ಹರಡಿಕೊಂಡು ಕೂತಿದ್ದಳು. ವೇದವಲ್ಲಿ ಅವಳ ಪಕ್ಕ ಕೂತು ಕಾಗದವನ್ನು ಪಟ್ಟಿ ಪಟ್ಟಿಯಾಗಿ ಕತ್ತರಿಸಿದಳು. ನೀಲಿ ಪಟ್ಟಿಗಳನ್ನು ಹಾಸಾಗಿ ಮಲಗಿಸಿ, ಬಿಳಿಯವನ್ನು ಹೊಕ್ಕಾಗಿ, ಭುವನ್‌ನ ಚಿತ್ರದಲ್ಲಿದ್ದ ಹಾಗೆಯೇ ಒಂದೊಂದಾಗಿ ಹೆಣೆದಳು. ಹುಡುಗಿ ಬಾಗಿ ನೋಡುತ್ತಿದ್ದಳು.

"ಈಗ ಎತ್ತು," ಎಂದಳು ವೇದವಲ್ಲಿ.

ಸಂಜನಾ ಎರಡು ಮೂಲೆ ಹಿಡಿದು ಎತ್ತಿದಳು. ಅರ್ಧ ನೀಲಿ ಪಟ್ಟಿಗಳು ಹಿಡಿತವೇ ಇಲ್ಲದೆ ಸುರ್ರನೆ ಜಾರಿ ನೆಲಕ್ಕೆ ಬಿದ್ದವು.

"ಎಹ್? ಇದು ಬಟ್ಟೆ ಅಲ್ಲ, ಆಂಟಿ!" ಎಂದು ಹುಡುಗಿ ನಕ್ಕಳು.

ವೇದವಲ್ಲಿ ನಗಲಿಲ್ಲ. ಬಟ್ಟೆ ಕೊಂದದ್ದು ಒಂದು. ಕೊಂದ ಮೇಲೆ ಆ ನೇಕಾರನ ಬಾಯಿಗೆ ದಡ್ಡನ ಉತ್ತರ ತುರುಕಿದ್ದು ಇನ್ನೊಂದು. ಯಾವ ಬಲೆಗೆ ಬೀಳಬೇಡಿ ಎಂದು ಅವನು ಹಲಗೆ ಹಾಕಿಸಿ ಎಚ್ಚರಿಸಿದ್ದನೋ ಅದೇ ಬಲೆಯನ್ನು ಅವನ ಜಾಣ್ಮೆ ಎಂದು ಲೋಕಕ್ಕೆ ಸಾರಲು ಹೊರಟಿದ್ದರು, ಅದೂ ಅವಳ ಹೆಸರಿನಡಿ. ಆ ಹೆಸರನ್ನು ಅಲ್ಲಿ ನೋಡಿ ಅವಳಿಗೆ ಎಂಜಲು ತುಳಿದ ಹಾಗಾಯಿತು.

ಭುವನ್‌ಗೆ ಫೋನು ಮಾಡಿದಳು.

"ಸರ್, ನಿಮ್ಮ ಚಿತ್ರದಲ್ಲಿರೋದು ಬಟ್ಟೇನೇ ಅಲ್ಲ. ಹಾಸಿನ ಅರ್ಧ ಎಳೆಗಳಿಗೆ ಕಟ್ಟೇ ಬಿದ್ದಿಲ್ಲ. ಎತ್ತಿದ್ರೆ ಉದುರಿಹೋಗತ್ತೆ."

"ಅಯ್ಯೋ, ಅದನ್ನ ಯಾರು ಎಣಿಸ್ತಾರೆ ವೇದಾ? ರಿವ್ಯೂವರ್ಸ್ ಎಲ್ಲ ಕಂಪ್ಯೂಟರ್ ಜನ. ಬೇಕಿದ್ರೆ ನೀನೇ ಒಂದು ಕರೆಕ್ಟ್ ಪ್ಯಾಟರ್ನ್ ಹಾಕು. ನಿಂಗೆ ಬರತ್ತಲ್ಲ."

"ನನಗೆ ಬರೋದು ನನ್ನ ಉತ್ತರ. ಅವನದು ಏನಿತ್ತೋ ಇನ್ಮೇಲೆ ಯಾರಿಗೂ ಗೊತ್ತಾಗಲ್ಲ."

"ನೋಡು, ನಿನ್ನ ಕಾಂಟ್ರಾಕ್ಟ್ ಮಾರ್ಚ್‌ಗೆ ಮುಗಿಯತ್ತೆ. ಪೇಪರ್ ಇಲ್ದೆ ಯಾರು ರಿನ್ಯೂ ಮಾಡ್ತಾರೆ? ಈ ಕೋವಿಡ್ ಟೈಮಲ್ಲಿ ವಾಪಸ್ ಹೋಗೋಕೆ ಫ್ಲೈಟೂ ಇಲ್ಲ. ಸ್ವಲ್ಪ ಪ್ರಾಕ್ಟಿಕಲ್ ಆಗಿರು." ಹೀಗೆಂದು ಅವನು ಏನನ್ನೋ ಚಪ್ಪರಿಸಿದ. ಮತ್ತೆ ಏನೋ ತಿನ್ನುತ್ತಿದ್ದ.

ವೇದವಲ್ಲಿ ಫೋನಿಟ್ಟಳು. ಪ್ರಯೋಗಾಲಯಕ್ಕೆ ಹೋಗಿ, ಎರವಲು ತನ್ನ ಸಹಿಯದೆಂದು ಹೇಳಿ ಪೆಟ್ಟಿಗೆ ಕೇಳಿದಳು. ಭುವನ್ ಬೇಡವೆನ್ನಲಿಲ್ಲ, ಆ ವಾಸನೆ ತನ್ನ ಕೋಣೆಯಿಂದ ತೊಲಗಿದರೆ ಸಾಕೆಂಬಂತೆ ಕಿಟಕಿ ತೆರೆದ. ಅವಳು ಪೆಟ್ಟಿಗೆಯನ್ನು ತೊಡೆಯ ಮೇಲಿಟ್ಟುಕೊಂಡು ಬೆಟ್ಟದ ಕಡೆಯ ಬಸ್ಸು ಹತ್ತಿದಳು. ಮುಂದಿನ ಸೀಟಿನವರು ಮೂಗು ಮುಟ್ಟಿಕೊಂಡು ತಿರುಗಿ ನೋಡಿ, ಎದ್ದು ಬೇರೆ ಕಡೆ ಹೋಗಿ ಕೂತರು.

ಸುಗಿಯಾಮಾ ಸಾನ್ ಗೇಟಿನ ಒಳಗಡೆ ನಿಂತರು, ವೇದವಲ್ಲಿ ಹೊರಗಡೆ. ಮುದುಕಿಯ ಮಾಸ್ಕು ಹಳೆಯ ಕಿಮೊನೊ ಬಟ್ಟೆಯಲ್ಲಿ ಹೊಲಿದದ್ದು. ವೇದವಲ್ಲಿ ಬಾಗಿ ನಮಸ್ಕರಿಸಿ, "ಸುಮಿಮಾಸೆನ್," ಎಂದಳು. ಆ ಮಾತು ಬಾಯಿಂದ ಬಿದ್ದೊಡನೆ ಅವಳಿಗೇ ಹೇಸಿಗೆಯಾಯಿತು. ರೈಲಿನಲ್ಲಿ ಕಾಲು ತಗಲಿದರೂ ಅದೇ 'ಕ್ಷಮಿಸಿ', ಇದಕ್ಕೂ ಅದೇ.

ಮುಚ್ಚಳ ತೆಗೆದು ತೋರಿಸಿದಳು. ಮುದುಕಿ ನೋಡಿದರು.

"ಇದು ಹುಳದ ಕೆಲಸವಲ್ಲ," ಎಂದರು.

"ಅಲ್ಲ. ಬ್ಲೀಚು. ನಮ್ಮವರೇ ಸಿಂಪಡಿಸಿದರು."

"ಯಾಕೆ?"

ವೇದವಲ್ಲಿಗೆ ಸುಳ್ಳು ಹೇಳಿ ಮುದುಕಿಯ ಮನಸ್ಸು ಉಳಿಸುವ ಆಸೆ ಒಂದು ಕ್ಷಣ ಬಂತು. ಹುಳದ ಸುಳ್ಳಿಗೂ ಇದಕ್ಕೂ ಏನು ವ್ಯತ್ಯಾಸ ಎಂದುಕೊಂಡು ನಿಜವನ್ನೇ ಹೇಳಿದಳು. "ಕೊಡುವಾಗ ನೀವು ಕೆಮ್ಮಿದಿರಂತೆ."

ಸುಗಿಯಾಮಾ ಸಾನ್ ತಲೆದೂಗಿದರು. "ಶರತ್ಕಾಲ ಬಂದರೆ ಕೆಮ್ಮುತ್ತೇನೆ. ಚಿಕ್ಕಂದಿನಿಂದಲೂ." ಪೆಟ್ಟಿಗೆಯಿಂದ ಕಣ್ಣು ಕೀಳದೆ ಮೆಲ್ಲಗೆ ಹೇಳಿದರು, "ಹಾಗಾದರೆ ಅವರು ತೊಳೆದದ್ದು ಬಟ್ಟೆಯನ್ನಲ್ಲ. ನನ್ನನ್ನು."

ವೇದವಲ್ಲಿ ಪೆಟ್ಟಿಗೆಗೆ ಮುಚ್ಚಳ ಹಾಕಿದಳು.

"ಉತ್ತರ ಎಣಿಸಿದಿರಾ? ಹಾಳಾಗುವ ಮುಂಚೆ?" ಎಂದು ಮುದುಕಿ ಕೇಳಿದರು.

"ಇಲ್ಲ. ಮೂರು ಹೆಜ್ಜೆ ಮಾತ್ರ ಸಿಕ್ಕಿದೆ. ನಾಲ್ಕನೆಯದನ್ನು ಎಲ್ಲಿಟ್ಟನೋ ತಿಳಿಯದು."

"ನಾನೂ ಎಣಿಸಲಿಲ್ಲ. ಅಪ್ಪ ಭೂತಗನ್ನಡಿ ತಂದಿಟ್ಟಿದ್ದರು. ನನಗೆ ಧೈರ್ಯ ಬರಲಿಲ್ಲ." ಮುದುಕಿ ಮೊದಲ ಬಾರಿಗೆ ಅವಳ ಕಣ್ಣನ್ನು ನೇರವಾಗಿ ನೋಡಿದರು. ಅಲ್ಲಿ ಕ್ಷಮೆ ಇರಲಿಲ್ಲ. ಕೊಳೆತದ್ದನ್ನು ನೋಡುವ ಕಣ್ಣು ಅದು. "ನೀವು ಒಂದು ಕೆಲಸ ಮಾಡಬೇಕು. ದೇವಸ್ಥಾನದ ಹಲಗೆ ಇನ್ನೂ ಅಲ್ಲೇ ಇದೆ. ಉತ್ತರ ಬಟ್ಟೆಯಲ್ಲಿದೆ ಎನ್ನುತ್ತದೆ. ಈಗ ಅದು ಸುಳ್ಳು. ಅದರ ಕೆಳಗೆ ಇನ್ನೊಂದು ಹಲಗೆ ಹಾಕಿಸಿ. ಉತ್ತರ ಏನಾಯಿತು, ಯಾರಿಂದ ಆಯಿತು ಎಂದು ಬರೆಸಿ."

ಪೆಟ್ಟಿಗೆಯನ್ನು ನೆಲದ ಮೇಲೆ ಇಡಿಸಿಕೊಂಡರು. ವೇದವಲ್ಲಿ ದೂರ ಸರಿದ ಮೇಲೆಯೇ ಗೇಟು ತೆರೆದು ಅದನ್ನು ಎತ್ತಿಕೊಂಡು ಒಳಗೆ ಹೋದರು. ಚಹಾಕ್ಕೆ ಕರೆಯಲಿಲ್ಲ.

ವೇದವಲ್ಲಿ ಪ್ರಬಂಧದಿಂದ ತನ್ನ ಹೆಸರು ತೆಗೆಸಿದಳು. ಪತ್ರಿಕೆಯ ಸಂಪಾದಕರಿಗೆ ಬ್ಲೀಚಿನ ವಿಷಯವನ್ನೂ, ಆ ನೇಯ್ಗೆ ಯಾಕೆ ನಿಲ್ಲದು ಎಂಬುದನ್ನೂ ಬರೆದಳು. ಪ್ರಬಂಧ ಅಚ್ಚಾಗಲಿಲ್ಲ. ಭುವನ್ ಅವಳೊಡನೆ ಮಾತು ಬಿಟ್ಟ. ಅವನಿಗೇನೂ ಕಡಿಮೆಯಾಗಲಿಲ್ಲ, ಕನ್ನಡಿಗರ ಆನ್‌ಲೈನ್ ಕೂಟವೊಂದರಲ್ಲಿ 'ಮಗ್ಗದಿಂದ ಕಂಪ್ಯೂಟರಿನವರೆಗೆ' ಎಂದು ಭಾಷಣ ಮಾಡಿದ. ಕಮಲಾ ಕರೆ ಮಾಡಿ, "ನೋಡ್ತಿದೀಯಾ? ಎಲ್ಲಾರೂ ಹಾರ್ಟ್ ಹಾಕ್ತಿದಾರೆ," ಎಂದಾಗ ವೇದವಲ್ಲಿ ಕೊಂಡಿ ಒತ್ತಿದಳು. ಪರದೆಯ ಮೇಲೆ ಅದೇ ಬಣ್ಣಬಣ್ಣದ ಚಿತ್ರ. "ನಮ್ಮ ಪೂರ್ವಜರಾಗಲಿ, ಜಪಾನಿನವರಾಗಲಿ, ಎಷ್ಟು ಪರ್ಫೆಕ್ಟ್ ನೋಡಿ," ಎನ್ನುತ್ತಿದ್ದ. ಚಪ್ಪಾಳೆಯ ಚಿತ್ರಗಳು ಗುಳ್ಳೆ ಗುಳ್ಳೆಯಾಗಿ ಮೇಲೇಳುತ್ತಿದ್ದವು. ಅವಳು ಮೈಕು ತೆರೆದು, "ಸರ್, ಆ ಬಟ್ಟೆ ಈಗ ಎಲ್ಲಿದೆ?" ಎಂದು ಕೇಳಿದಳು. ಯಾರೋ ಅವಳ ಮೈಕು ಮುಚ್ಚಿದರು. ಕಾರ್ಯಕ್ರಮ ಮುಂದುವರಿಯಿತು.

ಹಲಗೆಯ ಕೆಲಸವೂ ಸಲೀಸಾಗಿರಲಿಲ್ಲ. ದೇವಸ್ಥಾನದ ಗುರುಗಳು ಮೆದು ಮನುಷ್ಯ. 'ದುರದೃಷ್ಟವಶಾತ್ ಹಾಳಾಯಿತು' ಎಂದು ಬರೆಸಿದರೆ ಸಾಲದೇ ಎಂದರು. ಸುಗಿಯಾಮಾ ಸಾನ್ ಒಪ್ಪಲಿಲ್ಲ. "ಹಾಳಾಗಲಿಲ್ಲ, ಹಾಳು ಮಾಡಿದರು," ಎಂದು ಹೇಳಿ ಕಳಿಸಿದರು. ಹೆಸರಿನ ವಿಷಯ ಬಂದಾಗ ಗುರುಗಳು, ಒಪ್ಪಿಗೆ ಇಲ್ಲದವರ ಹೆಸರನ್ನು ದೇವರ ಮನೆಯಲ್ಲಿ ತೂಗುಹಾಕುವುದಿಲ್ಲ ಎಂದರು. ಭುವನ್‌ನನ್ನು ಕೇಳಿದ್ದಕ್ಕೆ ವಕೀಲರ ಮೂಲಕ ಉತ್ತರ ಬಂತು. ಒಪ್ಪಿಗೆ ಕೊಟ್ಟವಳು ವೇದವಲ್ಲಿ ಒಬ್ಬಳೇ.

ಮಾರ್ಚಿನಲ್ಲಿ ಅವಳ ಕಾಂಟ್ರಾಕ್ಟು ಮುಗಿಯಿತು, ಮುಂದುವರಿಯಲಿಲ್ಲ. ಒಕಾಜಾಕಿ ಎಂಬ ಊರಿನ ಸಂಸ್ಥೆಯೊಂದರಲ್ಲಿ ಒಂದು ವರ್ಷದ ಸಣ್ಣ ಕೆಲಸ ಸಿಕ್ಕಿತು. ಸಾಮಾನು ಸಾಗಿಸಿದ ಮೇಲೆ ಒಂದು ಭಾನುವಾರ ಅವಳು ಆ ದೇವಸ್ಥಾನಕ್ಕೆ ಹೋದಳು. ಹಳೆಯ ಹಲಗೆಯ ಕೆಳಗೆ ಹೊಸ ಮರ ಬಿಳಿಚಿಕೊಂಡಿತ್ತು. ಗಂಡ ಹೆಂಡತಿ ಇಬ್ಬರು ನಿಂತು ಗಟ್ಟಿಯಾಗಿ ಓದುತ್ತಿದ್ದರು: 'ಈ ಲೆಕ್ಕದ ಉತ್ತರವಿದ್ದ ಬಟ್ಟೆಯನ್ನು ಸಂಶೋಧಕರು ಬ್ಲೀಚಿನಿಂದ ನಾಶ ಮಾಡಿದರು.' ಹೆಂಡತಿ ಮುಖ ಸಿಂಡರಿಸಿ, "ಹಿದೋಯ್," ಎಂದಳು. ಎಂಥ ಘೋರ ಎಂದು ಅರ್ಥ. ಗಂಡ ಕೆಳಗಿನ ಹೆಸರನ್ನು ತಡವರಿಸಿ ಓದಿದ.

ಮರದ ಮೇಲೆ ಕೆತ್ತಿದವನು ವೇದವಲ್ಲಿಯನ್ನು ವೆದವಾರಿ ಎಂದು ಕೆತ್ತಿದ್ದ. ಗುರುಗಳು ಬಂದು, ತಿದ್ದಿಸಬೇಕೇ ಎಂದು ಕೇಳಿದರು. ಬೇಡವೆಂದು ಹೇಳಿ ಅವಳು ಚಪ್ಪಲಿ ಮೆಟ್ಟಿಕೊಂಡಳು.