ಕುಳ್ಳಯ್ಯನ ಮುಳ್ಳು ಸಾಸಿವೆ

ಶೀಳನೆರೆ ಹತ್ತಿರದ ಹಳ್ಳಿಯ ಕುಳ್ಳಯ್ಯ ಯಾರ ಮಾತನ್ನಾದರೂ ಕೇಳಿದ್ದನ್ನು ಊರು ಕಂಡಿರಲಿಲ್ಲ. ತೊಂಬತ್ತೆಂಟರ ಬೇಸಿಗೆಯಲ್ಲಿ ಅವನ ಬೀಳು ಹೊಲದಲ್ಲಿ ಕಾಡು ಸಾಸಿವೆ ತಾನಾಗಿಯೇ ಹುಟ್ಟಿ, ಹಳದಿ ಹೂ ಬಿಟ್ಟು ಕಾಯಾಯಿತು. ಬಿತ್ತದೆ ಬೆಳೆ ಬಂತೆಂದು ಮೀಸೆ ತಿರುವಿದ ಕುಳ್ಳಯ್ಯ, ಹಳದಿ ಹೂ ಬಿಟ್ಟಿದ್ದ ಗಿಡವನ್ನೆಲ್ಲ ಒಟ್ಟಿಗೆ ಕೊಯ್ದು, ಬಡಿದು, ಮೊರದಲ್ಲಿ ಕೇರಿ, ಮನೆಗೆ ತಂದ. ಹೆಂಡತಿ ಸೋಮಮ್ಮ ಅದನ್ನೇ ಕುಟ್ಟಿ ಮಾವಿನಕಾಯಿ ಉಪ್ಪಿನಕಾಯಿ ಹಾಕಿದಳು. ಏಳು ತಿಂಗಳ ಬಸುರಿ ಮಗಳು ಸಾಕಮ್ಮ ತವರಿಗೆ ಬಂದಿದ್ದಳು. ಅವಳಿಗೆ ಹುಳಿ ಅಂದರೆ ಪ್ರಾಣ.

ಜಾಡಿ ತೆರೆಯುವ ದಿನವೇ ಬಸುರಿಯನ್ನು ನೋಡಲು ನರ್ಸಮ್ಮ ಪದ್ಮ ಬಂದರು. ಕುಳ್ಳಯ್ಯ ಜಗುಲಿಯಲ್ಲಿ ಕೂತು ಅಂಗೈಯಲ್ಲಿ ಮುರಿದು ಉಳಿದಿದ್ದ ಮುಳ್ಳು ಕೀಳುತ್ತಿದ್ದ.

"ಎಲ್ಲಿ ಚುಚ್ಚಿಸಿಕೊಂಡ್ರಿ ಕುಳ್ಳಯ್ಯೋರೇ?"

"ಸಾಸಿವೆ ಕುಯ್ಯೋವಾಗ ಕಣಮ್ಮ."

"ಸಾಸಿವೆಗೆ ಮುಳ್ಳು ಯಾವಾಗ ಬಂತು?"

"ಕಾಡು ಸಾಸಿವೆ ಅಲ್ವಾ, ಒಸಿ ಒರಟು. ಆದ್ರೆ ಖಾರ ಕಮ್ಮಿ. ಬಸುರಿಗೆ ಒಳ್ಳೇದು."

ಪದ್ಮ ನಗಲಿಲ್ಲ. ಉಳಿದ ಕಾಳನ್ನು ತರಿಸಿ ಮೊರದಲ್ಲಿ ಹರವಿದರು.

"ನೋಡಿ, ಈ ನುಣ್ಣನೆ ಕಾಳು ಸಾಸಿವೆ. ಮೈಯೆಲ್ಲ ಸಣ್ಣ ಗುಳಿ ಇರೋದು ಅರಿಶಿನ ಉಮ್ಮತ್ತಿ ಬೀಜ. ಎಲೆ ತುಂಬ ಮುಳ್ಳು, ಮುರಿದ್ರೆ ಹಳದಿ ಹಾಲು ಬರ್ತದಲ್ಲ, ಆ ಗಿಡದ್ದು. ಇದು ವಿಷ. ತಿಂದ್ರೆ ಕಾಲು ಊದ್ಕೊಳ್ತದೆ, ಉಸಿರು ಕಟ್ತದೆ, ಪ್ರಾಣಕ್ಕೂ ಅಪಾಯ."

"ಓದಿದೋರು ಎಲ್ಲಾದ್ಕೂ ಹೆದರ್ಸೋದೇಯ. ನಾನೇ ತಿಂದು ತೋರಿಸ್ತೀನಿ, ಇರಿ" ಎಂದು ಕುಳ್ಳಯ್ಯ ಜಾಡಿಗೆ ಕೈ ಹಾಕಿ ಹೋಳೊಂದನ್ನು ಬಾಯಿಯ ಹತ್ತಿರ ತಂದ.

ಸಾಕಮ್ಮ ಕೈ ಚಾಚಿದಳು. "ನಂಗೂ ಒಂದು ಓಳು ಕೊಡಪ್ಪ. ನೀನು ತಿನ್ನೋದಾದ್ರೆ ನಾನೂ ತಿಂತೀನಿ."

ಕುಳ್ಳಯ್ಯನ ಕೈ ಅಲ್ಲೇ ನಿಂತಿತು. ಹೋಳನ್ನು ನೋಡಿದ, ಮಗಳ ಹೊಟ್ಟೆ ನೋಡಿದ.

"ಬ್ಯಾಡ ಕಣವ್ವ, ಬ್ಯಾಡ" ಎಂದವನೇ ಹೋಳನ್ನು ಜಾಡಿಗೆ ಎಸೆದು, ಎರಡು ಚೆಂಬು ನೀರಲ್ಲಿ ಕೈ ತೊಳೆದ.

"ಇಪ್ಪತ್ತೈದು ವರ್ಸದಲ್ಲಿ ಇವತ್ತು ಒಂದು ಮಾತು ಕೇಳುದ್ರು ನರ್ಸಮ್ಮ" ಎಂದಳು ಸೋಮಮ್ಮ.

ಉಪ್ಪಿನಕಾಯಿಯೂ ಕಾಳೂ ಗುಂಡಿ ಸೇರಿದವು. ಸಂಜೆಯೊಳಗೆ ಕುಳ್ಳಯ್ಯ ಗುದ್ದಲಿ ಹಿಡಿದು ಹೊಲದಲ್ಲಿ ಮತ್ತೆ ಚಿಗುರಿದ್ದ ಮುಳ್ಳು ಗಿಡವನ್ನೆಲ್ಲ ಬುಡಸಮೇತ ತೆಗೆದ.

ಅಕ್ಕಂದಿರೇ, ಅಣ್ಣಂದಿರೇ, ಆ ಗಿಡ ನಿಮ್ಮ ಬದುವಿನಲ್ಲೂ ಇರಬಹುದು. ಕಾಯಿ ಕಟ್ಟುವ ಮೊದಲೇ ಕಿತ್ತುಹಾಕಿ. ಸಾಸಿವೆಯನ್ನು ಮೊರಕ್ಕೆ ಸುರಿದು ಕಣ್ಣಿಟ್ಟು ನೋಡಿ, ಅನುಮಾನ ಬಂದರೆ ಬಳಸಬೇಡಿ. ಮನೆಯವರ ಕಾಲು ಊದಿಕೊಂಡರೆ ತಡಮಾಡದೆ ಆಸ್ಪತ್ರೆಗೆ ಹೋಗಿ. ಮಗಳಿಗೆ ಬಡಿಸಲು ಕೈ ಬಾರದ್ದನ್ನು ನೀವೂ ತಿನ್ನಬೇಡಿ.